ಜರ್ಮನಿಗೆ ಹೋದ ಮಡಿಲಕ್ಕಿ

ಗುಬ್ಬಿ

ಬಂದವರೆಲ್ಲ ಕೇಳ್ತಾರೆ, ಜರ್ಮನಿ ಹೆಂಗಿತ್ತು ಗಂಗಮ್ಮ ಅಂತ. ಒಬ್ಬೊಬ್ಬರಿಗೂ ಹೇಳಿ ಹೇಳಿ ಸಾಕಾಯಿತು. ಅದಕ್ಕೆ ಬರೀತಿದೀನಿ. ನಾನು ಓದಿದ್ದು ಮೂರನೇ ಕ್ಲಾಸು, ಒತ್ತಕ್ಷರ ತಪ್ಪಿದ್ದರೆ ನೀವೇ ಸರಿ ಮಾಡಿಕೊಂಡು ಓದಿ.

ಅಲ್ಲಿ ಚಳಿ ಇತ್ತು. ಬ್ರೆಡ್ಡು ಗಟ್ಟಿ ಇತ್ತು. ಜನ ಒಳ್ಳೆಯವರು, ಮಾತು ಕಮ್ಮಿ. ಇಷ್ಟೇ ಬೇಕಾದವರು ಇಲ್ಲಿಗೆ ನಿಲ್ಲಿಸಬಹುದು.

ಹೋಗಿದ್ದು ಯಾಕೆ ಅಂತ ಮೊದಲು ಹೇಳ್ತೀನಿ. ನನ್ನ ತಮ್ಮ ನಂಜಪ್ಪನ ಮಗಳು ಶೈಲಾ. ತಮ್ಮನ ಊರು, ಅಂದರೆ ನನ್ನ ತವರು, ಕುಣಿಗಲ್ ಕೆರೆ ಆಚೆ. ಹುಡುಗಿಗೆ ಹನ್ನೆರಡು ವರ್ಷ ಇದ್ದಾಗ ಅವಳ ತಾಯಿ ತೀರಿಕೊಂಡಳು. ಗಂಡಸು ಒಬ್ಬನೇ ಹೆಂಗೆ ಸಾಕ್ತಾನೆ ಅಂತ ನಾನೇ ಗುಬ್ಬಿಗೆ ಕರಕೊಂಡು ಬಂದೆ. ನನಗೆ ಮಕ್ಕಳಿಲ್ಲ, ಗಂಡ ಆಗಲೇ ಹೋಗಿದ್ದ. ಅವಳಿಗೆ ನಾನು ಸೋದರತ್ತೆ. ಬೈದಿದ್ದು, ತಲೆ ಬಾಚಿದ್ದು, ಜ್ವರ ಬಂದಾಗ ಪಕ್ಕದಲ್ಲಿ ಕೂತಿದ್ದು ಎಲ್ಲ ನಾನೇ. ನಂಜ ಭಾನುವಾರ ಭಾನುವಾರ ಮೊಪೆಡ್‌ನಲ್ಲಿ ಬರೋನು. ಬೀದಿ ತಿರುವಿನಲ್ಲಿ ಆ ಸದ್ದು ಕೇಳಿದರೆ ಸಾಕು, ಹುಡುಗಿ ತಟ್ಟೆ ಮುಂದಿಂದ ಎದ್ದು ಎಂಜಲು ಕೈಯಲ್ಲೇ ಓಡೋಳು.

ದೊಡ್ಡವಳಾದ ಮೇಲೆ ತುಮಕೂರಿನಲ್ಲಿ ಮದುವೆ ವಿಡಿಯೋ ಮಾಡೋ ಅಂಗಡಿಗೆ ಸೇರಿದಳು, ಲೈಟು ಹಿಡಿಯೋ ಕೆಲಸ. ಆಮೇಲೆ ಕ್ಯಾಮರಾ ಕೈಗೆ ಕೊಟ್ಟರು. ಧಾರೆ ಹೊತ್ತಲ್ಲಿ ಎಲ್ಲರೂ ಅಕ್ಷತೆ ಹಾಕ್ತಾ ಇದ್ದರೆ ಇವಳು ಹಿಂದೆ ಹೋಗಿ ಪಾತ್ರೆ ತೊಳೆಯೋರನ್ನ ಹಿಡೀತಾ ಇದ್ದಳಂತೆ. ಹುಡುಗನ ಕಡೆಯವರು ಜಗಳಕ್ಕೆ ಬಂದರು, ಅಂಗಡಿಯವನು ಮನೆಗೆ ಕಳಿಸಿದ. ಅಲ್ಲಿಂದ ಶುರು ಇವಳ ಸಿನಿಮಾ. ಡಾಕ್ಯುಮೆಂಟರಿ ಅಂತಾರೆ. ಹಾಡಿಲ್ಲ, ಫೈಟಿಲ್ಲ, ಇದ್ದವರನ್ನ ಇದ್ದಂಗೆ ತೋರಿಸೋದು.

ಮೊದಲನೇದು ಅಂತರಸನಹಳ್ಳಿ ಕಾರ್ಖಾನೆಗೆ ಹೋಗೋ ಹೆಣ್ಣುಮಕ್ಕಳ ಬಸ್ಸಿಂದು. ಆಮೇಲೆ ದೇವರಾಯನದುರ್ಗದ ಬೆಟ್ಟಕ್ಕೆ ಹರಕೆ ಹೊತ್ತು ಬರೋರದ್ದು. ಆಮೇಲೆ ಒಂದು ಮಠದ ಅಡಿಗೆಮನೇದು, ಆಮೇಲೆ ಓಟಿಂದು. ಒಂದು ಸಿನಿಮಾ ಮಠದವರು ಮೆಚ್ಚಿದರೆ ಪಾರ್ಟಿಯವರು ಬೈಯೋರು. ಇನ್ನೊಂದನ್ನ ಪಾರ್ಟಿಯವರು ಮೆಚ್ಚಿದರೆ ಮಠದ ಕಡೆಯವರು ಬೈಯೋರು. ಇಬ್ಬರೂ ಸೇರಿ ಬೈದರೆ ಆ ಸಿನಿಮಾ ಚೆನ್ನಾಗಿ ಬಂದಿದೆ ಅಂತ ಲೆಕ್ಕ ಅತ್ತೆ, ಅನ್ನೋಳು. ಇಪ್ಪತ್ತು ವರ್ಷ ಹಿಂಗೇ ಬೈಸಿಕೊಂಡು ಬದುಕಿದಾಳೆ. ಮದುವೆ ಆಗಲಿಲ್ಲ. ಯಾವಾಗ ಕೇಳಿದರೂ ಎಡಿಟಿಂಗ್ ಇದೆ ಅನ್ನೋಳು.

ಆರು ವರ್ಷದ ಹಿಂದೆ ನಮ್ಮ ತವರಿನಲ್ಲೇ ಕ್ಯಾಮರಾ ಇಟ್ಟಳು. ಪಂಚಾಯ್ತಿ ಎಲೆಕ್ಷನ್ ಬಂದಿತ್ತು. ಊರವರು ಓಟಿನ ಗೋಜೇ ಬೇಡ ಅಂತ ಮೆಂಬರ್ ಸೀಟನ್ನ ದೇವಸ್ಥಾನದ ಜಗಲಿ ಮೇಲೆ ಹರಾಜು ಹಾಕಿದರು. ಬಂದ ದುಡ್ಡು ದೇವರ ಗೋಪುರಕ್ಕೆ. ಜಗಲಿ ಮೇಲೆ ನಿಂತು, ಒಂದ್ಸರಿ, ಎರಡ್ಸರಿ, ಮೂರ್ಸರಿ ಅಂತ ಅಂಗೈ ಬಡಿದವನು ನನ್ನ ತಮ್ಮ ನಂಜಪ್ಪ. ಅವನ ಗಂಟಲು ದೊಡ್ಡದು, ಅದಕ್ಕೆ ಅವನನ್ನ ನಿಲ್ಲಿಸಿದ್ದರು. ಮಗಳು ಕ್ಯಾಮರಾ ಹಿಡಿದಿದ್ದಾಳೆ ಅಂತ ಇನ್ನೂ ಜೋರಾಗಿ ಕೂಗಿದ.

ಸಿನಿಮಾ ಬಂತು. ಫೋನಿಂದ ಫೋನಿಗೆ ಹೋಯಿತು. ಹರಾಜು ರದ್ದಾಯಿತು, ಜಗಲಿ ಮೇಲಿದ್ದವರನ್ನೆಲ್ಲ ತಾಲೂಕು ಆಫೀಸಿಗೆ ಕರೆಸಿದರು. ಕುಣಿಗಲ್ ಬಸ್‌ಸ್ಟ್ಯಾಂಡಿನಲ್ಲಿ ಹುಡುಗರು ನಂಜನನ್ನ ನೋಡಿ ಅಂಗೈ ಬಡಿಯೋಕೆ ಶುರು ಮಾಡಿದರು. ಜಗಲಿ ಮೇಲೆ ಅವನಿಗೆ ಜಾಗ ಬಿಡೋದು ನಿಲ್ಲಿಸಿದರು. ಅವತ್ತು ಮಗಳ ಜೊತೆ ಮಾತು ಬಿಟ್ಟ. ಅವಳು ನಾನೇನೂ ಸುಳ್ಳು ತೋರಿಸಿಲ್ಲ ಅಂದಳು. ಅವನು ಸುಳ್ಳು ಅಂತ ನಾನೂ ಅಂದಿಲ್ಲ ಅಂದ. ಅದೇ ಕಡೇ ಮಾತು. ಆರು ವರ್ಷ.

ಕುಣಿಗಲ್

ಹೋದ ವರ್ಷ ಮೂರು ಮುದುಕಿಯರ ಮೇಲೆ ಒಂದು ಸಿನಿಮಾ ಮಾಡಿದಳು. ದೇವರ ಹತ್ತಿರ ಏನು ಕೇಳ್ತೀರಿ, ಓಟು ಕೇಳೋಕೆ ಬಂದವರ ಹತ್ತಿರ ಏನು ಕೇಳ್ತೀರಿ ಅನ್ನೋದು ಅದರ ವಿಷಯ. ತುಮಕೂರಿನವಳು ಒಬ್ಬಳು, ಕುಣಿಗಲ್‌ನವಳು ಒಬ್ಬಳು, ಗುಬ್ಬಿಯವಳು ನಾನು. ಜರ್ಮನಿಯವರು ಸಿನಿಮಾ ಉತ್ಸವಕ್ಕೆ ಕರೆದರು, ಅದರಲ್ಲಿರೋ ಒಬ್ಬರನ್ನ ಕರಕೊಂಡು ಬನ್ನಿ ಅಂದರು. ತುಮಕೂರಿನವಳಿಗೆ ಮಂಡಿ ನೋವು. ಕುಣಿಗಲ್‌ನವಳನ್ನ ಮಕ್ಕಳು ಕಳಿಸಲಿಲ್ಲ. ಮಿಕ್ಕಿದವಳು ನಾನು.

ಹೊರಡೋ ಮೊದಲು ತಮ್ಮನಿಗೆ ಹೇಳಿ ಬರೋಣ ಅಂತ ಹೋದೆ.

"ನಾನು ಜರ್ಮನಿಗೆ ಹೋಯ್ತಿದೀನಿ ಕಣ್ಲಾ."

"ಅಲ್ಲೇನಕ್ಕ ಕೆಲಸ ನಿಂಗೆ?"

"ನಿನ್ ಮಗಳ ಸಿನಿಮಾ ತೋರಿಸ್ತಾರಂತೆ. ಅದ್ರಲ್ಲಿ ನಾನಿದೀನಿ."

"ನನ್ ಮೋರೆ ಐತಾ ಅದ್ರಲ್ಲಿ?" ಅಂದ.

"ನಾನಿನ್ನೂ ನೋಡಿಲ್ಲ."

"ಇದ್ರೆ ಎದ್ದು ಬಂದ್ಬುಡು."

"ನಿನ್ ಮೋರೆ ನೋಡೋಕೆ ಜರ್ಮನಿಯೋರು ಕಾಯ್ಕೊಂಡು ಕೂತಿಲ್ಲ ಬುಡು."

ನಗಲಿಲ್ಲ. ನನಗೆ ನೀರು ಕೊಡೋಕೆ ಬಿಂದಿಗೆ ಬಗ್ಗಿಸಿದ. ನೀರು ಲೋಟದಿಂದ ಒಂದು ಗೇಣು ಆಚೆ ಬಿತ್ತು. ನೆಲ ಒದ್ದೆಯಾಗ್ತಾ ಇದ್ದರೂ ಅವನು ಬಗ್ಗಿಸ್ತಾನೇ ಇದ್ದ. ನಾನು ಬಿಂದಿಗೆ ಕಿತ್ತುಕೊಂಡೆ.

"ಎಷ್ಟು ದಿನದಿಂದ್ಲಾ?"

ಸಕ್ಕರೆ ಕಾಯಿಲೆ ಕಣ್ಣಿಗೆ ಇಳಿದಿದೆ. ತುಮಕೂರಿನ ಕಣ್ಣಾಸ್ಪತ್ರೆಯಲ್ಲಿ ಒಂದು ಹೋಗಿದೆ, ಇನ್ನೊಂದು ಹೋಗ್ತಾ ಇದೆ, ಇರೋಷ್ಟು ದಿನ ಉಳಿಸಿಕೊಳ್ಳೋಣ ಅಂದಿದ್ದಾರೆ. ಮೊಪೆಡ್ ಓಡಿಸೋದು ನಿಲ್ಲಿಸಿದ್ದಾನೆ. ಗೋಡೆ ಕಡೆ ನಿಲ್ಲಿಸಿ ಮೇಲೆ ಗೋಣಿಚೀಲ ಹೊದಿಸಿದ್ದ.

"ಅವಳಿಗೆ ಹೇಳ್ಬ್ಯಾಡ" ಅಂದ.

"ಯಾಕೆ?"

"ಕುರುಡ ಆದ ಅಂತ ಕರುಣೆ ತಂದ್ಕೊಂಡು ಬರೋದು ಬ್ಯಾಡ. ಬರೋದಾದ್ರೆ ಸುಮ್ನೆ ಬರ್ಲಿ."

ಮಾರನೇ ಬೆಳಿಗ್ಗೆ ಬಸ್ಸಿಗೆ ಹೊರಟಾಗ ಒಂದು ಗಂಟು ತಂದು ಕೈಯಲ್ಲಿಟ್ಟ. ಬಿಚ್ಚಿ ನೋಡಿದೆ. ಅಕ್ಕಿ, ಎರಡು ಕೊಬ್ಬರಿ, ಬೆಲ್ಲದ ಅಚ್ಚು, ಅರಿಶಿನದ ಕೊಂಬು, ಎಲೆ ಅಡಿಕೆ, ಗಿಳಿ ಹಸಿರು ರವಿಕೆ ಪೀಸು.

"ಇದೇನ್ಲಾ?"

"ದಾರಿಗೆ."

"ದಾರೀಲಿ ರವಿಕೆ ಪೀಸು ತಿನ್ಲಾ?"

ಮುಖ ಆ ಕಡೆ ತಿರುಗಿಸಿ, "ಬಸ್ ಬತ್ತದೆ ಹೋಗು" ಅಂದ.

ಅದು ಮಡಿಲಕ್ಕಿ. ತವರಿಂದ ಹೆಣ್ಣುಮಗಳನ್ನ ಕಳಿಸುವಾಗ ಮಡಿಲು ತುಂಬೋದು. ಇದು ನಿನ್ನ ಮನೆ, ಮತ್ತೆ ಬಾ ಅಂತ ಬಾಯಲ್ಲಿ ಹೇಳೋ ಬದಲು ಅಕ್ಕಿ ಕೊಬ್ಬರೀಲಿ ಹೇಳೋದು. ಗಂಡಸು ತುಂಬೋ ಹಾಗಿಲ್ಲ, ಮುತ್ತೈದೆ ತುಂಬಬೇಕು. ನಾನು ಗಂಡ ಸತ್ತವಳು. ತುಂಬಿಸಿಕೊಳ್ಳಬೇಕಾದ ಶೈಲಾಗೆ ಮದುವೆಯೇ ಆಗಿಲ್ಲ. ಎಲ್ಲಾ ತಪ್ಪೇ. ಆದರೂ ಗಂಟು ಕಟ್ಟಿಕೊಂಡು ಬಸ್ಸು ಹತ್ತಿದೆ.

ವಿಮಾನ ಹತ್ತೋ ಜಾಗ

ಶೈಲಾ ಎರಡು ತಿಂಗಳ ಮೊದಲೇ ಅಲ್ಲಿಗೆ ಹೋಗಿದ್ದಳು, ಯಾವುದೋ ಎಡಿಟಿಂಗ್ ಕೆಲಸಕ್ಕೆ. ನನ್ನ ಜೊತೆ ಬಂದವರು ರಫೀಕ್ ಸಾಬ್ರು. ತುಮಕೂರಿನವರು, ಮದುವೆ ವಿಡಿಯೋ ಕಾಲದಿಂದಲೂ ಶೈಲಾಗೆ ಮೈಕು ಹಿಡಿಯೋರು. ಅರವತ್ತರ ಹತ್ತಿರ ಬಂದಿದ್ದಾರೆ. ಎಲ್ಲಿ ಹೋದರೂ ಮೊದಲು ಸದ್ದು ಕೇಳಿಸಿಕೊಂಡು ಆಮೇಲೆ ಕಣ್ಣು ಬಿಡ್ತಾರೆ.

ಬೆಂಗಳೂರಿನಲ್ಲಿ ನಮ್ಮ ದೊಡ್ಡ ಬ್ಯಾಗು ಒಳಗೆ ಹೋಗಿ ವಾಪಸ್ ಬಂತು. ಯೂನಿಫಾರಂ ಹಾಕಿದ ಹುಡುಗಿ ನಮ್ಮನ್ನ ಕರೆದಳು.

"ಅಜ್ಜಿ, ಇದರಲ್ಲಿ ಕೊಬ್ಬರಿ ಇದೆಯಾ?"

"ಐತೆ. ಯಾಕೆ?"

"ಕೊಬ್ಬರಿ ವಿಮಾನದಲ್ಲಿ ತಗೊಂಡು ಹೋಗೋ ಹಾಗಿಲ್ಲ. ಎಣ್ಣೆ ಇರುತ್ತೆ, ಬೆಂಕಿ ಹತ್ತಿಕೊಳ್ಳುತ್ತೆ."

"ನಮ್ಮ ಅಟ್ಟದ ಮೇಲೆ ವರ್ಷಗಟ್ಟಲೆ ರಾಶಿ ಬಿದ್ದಿರ್ತಾವೆ. ಕೆಳಗೆ ಒಲೆ ಉರೀತಿರ್ತದೆ. ಒಂದಿನ ಹತ್ಕೊಂಡಿಲ್ಲ."

"ಗೊತ್ತು ಅಜ್ಜಿ. ನಮ್ಮದೂ ತಿಪಟೂರ ಕಡೆ."

ತಿಪಟೂರ ಕಡೆ ಹುಡುಗಿ ಕೊಬ್ಬರೀನ ಕಳ್ಳಮಾಲು ಹಿಡಿದಂಗೆ ಹಿಡೀತಾಳಲ್ಲ ಅಂತ ನನಗೆ ಸಿಟ್ಟು ಬಂತು. "ಮಡಿಲಕ್ಕಿ ಕಣೇ ಅದು" ಅಂದೆ. ಅವಳ ಮುಖ ಸಣ್ಣದಾಯಿತು. ಗಂಟಿನ ಬಾಯಿ ಬಿಚ್ಚಿದ್ದವಳು ತಾನೇ ಸರಿಯಾಗಿ ಕಟ್ಟಿದಳು. ಆದರೂ ಎರಡು ಕೊಬ್ಬರಿ ಮಾತ್ರ ಆಚೆ ಇಟ್ಟಿದ್ದಳು. ರೂಲ್ಸು ಅಂದಳು. ಪಕ್ಕದಲ್ಲಿ ಒಂದು ಬುಟ್ಟಿ. ಅದರಲ್ಲಿ ಕತ್ತರಿ, ಲೈಟರು, ಯಾರದೋ ಉಪ್ಪಿನಕಾಯಿ.

"ಬುಟ್ಟಿಗೆ ಹಾಕಲ್ಲ" ಅಂದೆ. "ಇದು ನನ್ನ ತವರಿನದು."

ಕಬ್ಬಿಣದ ಕಂಬಿಗೆ ಕುಟ್ಟಿ ಒಡೆದೆ. ಸಾಲಿನಲ್ಲಿ ನಿಂತಿದ್ದವರಿಗೆಲ್ಲ ಹಂಚಿದೆ. ಸೂಟು ಹಾಕಿದವನು ತಗೊಂಡ, ಮಗು ಎತ್ತಿಕೊಂಡವಳು ತಗೊಂಡಳು, ಅದ್ಯಾವ ದೇಶದವನೋ ಕೆಂಪು ಗಡ್ಡದವನು ತಗೊಂಡು ಮೂಸಿ ನೋಡಿ ತಿಂದ. ರಫೀಕ್ ಸಾಬ್ರು ಅಗೀತಾ, "ಅಮ್ಮಾ, ಒಳ್ಳೇ ಮಾಲು" ಅಂದರು. ಹುಡುಗಿ ಡ್ಯೂಟೀಲಿ ತಿನ್ನೋ ಹಾಗಿಲ್ಲ ಅಂದಳು. ಅವಳ ಜೇಬಿಗೆ ಒಂದು ಚೂರು ನಾನೇ ಹಾಕಿದೆ.

ಕೊಬ್ಬರಿ ಇಲ್ಲದ ಮಡಿಲಕ್ಕಿ ಯಾರಾದರೂ ಕೇಳಿದ್ದೀರಾ? ಬೆಲ್ಲ ಮರೆತರೆ ನಡೆಯುತ್ತೆ. ಕೊಬ್ಬರಿ ಇಲ್ಲದೆ ನಮ್ಮ ಸೀಮೆಯಲ್ಲಿ ಯಾವ ಹೆಣ್ಣೂ ತವರಿನ ಹೊಸಿಲು ದಾಟಿಲ್ಲ. ವಿಮಾನ ಮೇಲೆದ್ದಾಗ ನನಗೆ ಭಯ ಆಗಲಿಲ್ಲ. ಅರೆಬರೆ ಗಂಟು ಹಿಡಿದು ಹೋಗ್ತಿದೀನಲ್ಲ ಅಂತ ಬೇಜಾರಿತ್ತು.

ಜರ್ಮನಿ, ಮೊದಲನೇ ದಿನ

ಊರಿನ ಹೆಸರು ನನ್ನ ಬಾಯಲ್ಲಿ ಹೊರಳಲ್ಲ, ಬಿಡಿ. ತುಮಕೂರಿಗಿಂತ ದೊಡ್ಡದು, ತುಮಕೂರಿಗಿಂತ ಜನ ಕಮ್ಮಿ.

ಶೈಲಾ ನಮ್ಮನ್ನ ಕರಕೊಳ್ಳೋಕೆ ಬಂದಿದ್ದಳು. ಕೂದಲು ಬೆಳ್ಳಗಾಗಿದೆ, ಬಣ್ಣ ಹಾಕಿಲ್ಲ. ಕಾಲು ಮುಟ್ಟಿದಳು. "ಸೊರಗಿದೀಯ" ಅಂದೆ. "ನೀವೂ ಸೊರಗಿದೀರ ಅತ್ತೆ" ಅಂದಳು. ಅಲ್ಲಿಗೆ ಕ್ಷೇಮ ಸಮಾಚಾರ ಮುಗೀತು. ಅಪ್ಪ ಹೆಂಗಿದಾರೆ ಅಂತ ಕೇಳಲಿಲ್ಲ. ಕೇಳಬೇಕು ಅಂತ ಬಾಯಿ ತೆರೆದಿದ್ದು ಮಾತ್ರ ನೋಡಿದೆ. ಆಮೇಲೆ ರಫೀಕ್ ಸಾಬರ ಬ್ಯಾಗು ಎತ್ತಿಕೊಂಡಳು.

ರಸ್ತೆ ಮೇಲೆ ಓಡೋ ರೈಲಿದೆ ಅಲ್ಲಿ. ಒಳಗೆ ಕೂತರೆ ಸಾವಿನ ಮನೇಲಿ ಕೂತಂಗೆ. ಒಬ್ಬರೂ ಮಾತಾಡಲ್ಲ. ನಮ್ಮ ಗುಬ್ಬಿ ಬಸ್ಸಲ್ಲಿ ಸೀಟಿಗೆ ಕೂರೋದರೊಳಗೆ ಪಕ್ಕದವಳ ಮಗಳಿಗೆ ಎಲ್ಲಿ ಕೊಟ್ಟಿದ್ದಾರೆ, ಅಳಿಯ ಕುಡೀತಾನಾ ಎಲ್ಲ ಗೊತ್ತಾಗಿರುತ್ತೆ. ಇಲ್ಲಿ ಒಂದು ನಾಯಿಯೂ ಹತ್ತಿತು, ಅದೂ ಮಾತಾಡಲಿಲ್ಲ. ಅದರ ಒಡತಿ ಪಕ್ಕ ಜನಗಳ ಹಾಗೆ ಕೂತು ಆಚೆ ನೋಡ್ತಾ ಇತ್ತು.

ಕಂಬಕ್ಕೆಲ್ಲ ಓಟಿನ ಬೋರ್ಡು ಕಟ್ಟಿದ್ದರು. ನಮ್ಮೂರಿನ ಹಾಗೇ ದೊಡ್ಡ ದೊಡ್ಡ ಮುಖ, ಹಲ್ಲು ತೋರಿಸಿ ನಗು. ಆದರೆ ಒಬ್ಬನೂ ಕೈ ಮುಗಿದಿಲ್ಲ.

"ಕೈ ಮುಗೀದೆ ಓಟು ಹೆಂಗೆ ಹಾಕ್ತಾರೆ?" ಅಂದೆ.

"ಇಲ್ಲಿ ಕೈ ಮುಗಿದರೆ ಏನೋ ತಪ್ಪು ಮಾಡಿದಾನೆ ಅಂದ್ಕೊಳ್ತಾರೆ ಅತ್ತೆ."

"ನಮ್ಮಲ್ಲೂ ಅದೇ. ಆದ್ರೂ ಹಾಕ್ತೀವಿ."

ಅವಳು ನಕ್ಕಳು. ನಗುವಾಗ ಅಪ್ಪನ ಹಾಗೇ ತಲೆ ಹಿಂದಕ್ಕೆ ಹಾಕ್ತಾಳೆ. ಆರು ವರ್ಷದಿಂದ ಆ ನಗು ಒಂದು ಗುಬ್ಬೀಲಿ, ಇನ್ನೊಂದು ಕುಣಿಗಲ್‌ನಲ್ಲಿ ಬೇರೆ ಬೇರೆ ನೋಡಿದವಳು ನಾನೊಬ್ಬಳೇ.

ಅವತ್ತೇ ಒಂದು ಜಗಳ ಆಯಿತು. ರಸ್ತೆ ದಾಟುವಾಗ ಕೆಂಪು ದೀಪ ಇತ್ತು. ಗಾಡಿ ಒಂದೂ ಇರಲಿಲ್ಲ. ನಾನು ದಾಟಿದೆ. ಆ ಕಡೆ ನಿಂತಿದ್ದ ನನ್ನ ವಯಸ್ಸಿನ ಹೆಂಗಸು ಕೋಲು ಎತ್ತಿ ಬೈಯೋಕೆ ಶುರು ಮಾಡಿದಳು. ನಾನೂ ಕನ್ನಡದಲ್ಲಿ ಬೈದೆ. ಇಬ್ಬರಿಗೂ ಒಂದಕ್ಷರ ತಿಳಿಯಲಿಲ್ಲ, ಇಬ್ಬರೂ ನಿಲ್ಲಿಸಲಿಲ್ಲ. ಆಮೇಲೆ ಅವಳು ನನ್ನ ಕೈ ಹಿಡಿದು ವಾಪಸ್ ಮೊದಲಿನ ಕಡೆಗೆ ಕರಕೊಂಡು ಹೋಗಿ, ಹಸಿರು ದೀಪ ಬರೋವರೆಗೂ ನಿಲ್ಲಿಸಿ, ಮತ್ತೆ ದಾಟಿಸಿದಳು. ಅವಳ ಅಂಗೈ ನನ್ನದರಷ್ಟೇ ಒರಟು. ಹೋಗುವಾಗ ನನ್ನ ಶಾಲು ಸರಿಯಾಗಿ ಹೊದಿಸಿ ಹೋದಳು.

ಎರಡನೇ ದಿನ, ಗೋರಿಗಳ ತೋಟ

ಒಂದು ಚರ್ಚು ತೋರಿಸಿದಳು. ನಮ್ಮ ಯಾವ ಗೋಪುರವೂ ಅಷ್ಟೆತ್ತರ ಇಲ್ಲ. ಒಳಗೆ ಹೋದರೆ ನಾವು ಮೂರು ಜನ, ದೇವರು ಒಬ್ಬ. ಗಂಟೆ ಮಾತ್ರ ಊರಿಗೆಲ್ಲ ಕೇಳೋ ಹಾಗೆ ಹೊಡೀತಾ ಇತ್ತು. ಕರೆದರೂ ಯಾರೂ ಬರದ ಮನೆ ಹಾಗಿತ್ತು. ಬಂದವಳು ನಾನೊಬ್ಬಳಾದರೂ ಇರಲಿ ಅಂತ ವಿಭೂತಿ ಇಟ್ಟ ಹಣೆ ಬಗ್ಗಿಸಿದೆ. ರಫೀಕ್ ಸಾಬ್ರು ಕಣ್ಣು ಮುಚ್ಚಿ ನಿಂತು, "ಇಲ್ಲಿ ಸದ್ದು ಕೆಳಗೆ ಬೀಳೋದೇ ಇಲ್ಲ ಅಮ್ಮಾ, ಅಂಗೇ ತೇಲ್ತದೆ" ಅಂದರು.

ಚರ್ಚಿನ ಹಿಂದೆ ಗೋರಿಗಳ ತೋಟ. ನಮ್ಮಲ್ಲಿ ಸತ್ತವರನ್ನ ಕೂರಿಸಿ ಮಣ್ಣು ಮಾಡ್ತೀವಿ, ಇಲ್ಲಿ ಮಲಗಿಸ್ತಾರೆ. ಒಂದೊಂದು ಗೋರಿಗೂ ಹೂವಿನ ಗಿಡ. ನೀರು ಹಾಕೋಕೆ ಹಸಿರು ಕ್ಯಾನುಗಳನ್ನ ಸಾಲಾಗಿ ತೂಗು ಹಾಕಿದ್ದಾರೆ. ಒಬ್ಬ ಗಂಡಸು ಮಂಡಿಯೂರಿ ಕಳೆ ಕೀಳ್ತಾ ಇದ್ದ. ನಮ್ಮನ್ನ ನೋಡಿ ಅವನೇ ಮಾತಾಡಿಸಿದ. ಅವನ ಅಪ್ಪನ ಗೋರಿಯಂತೆ. ಪ್ರತಿ ಶನಿವಾರ ಬರ್ತಾನಂತೆ, ಒಂದು ಶನಿವಾರವೂ ತಪ್ಪಿಸಿಲ್ಲವಂತೆ. ಶೈಲಾ ಕನ್ನಡ ಮಾಡಿ ಹೇಳಿದಳು.

"ಬದುಕಿದ್ದಾಗ್ಲೂ ಬರ್ತಿದ್ನಾ ಕೇಳು."

"ಅತ್ತೆ."

"ಕೇಳೇ."

"ಅದನ್ನ ಕೇಳೋಕಾಗಲ್ಲ ಅತ್ತೆ."

"ಇಪ್ಪತ್ತು ವರ್ಷ ಕಂಡೋರ್ನೆಲ್ಲ ಕೇಳಬಾರದ್ದು ಕೇಳ್ಕೊಂಡು ಬಂದೋಳು ನೀನು. ಇದೊಂದು ಕೇಳೋಕಾಗಲ್ವಾ?"

ಅವಳು ಕೇಳಲಿಲ್ಲ. ನೀರಿನ ಕ್ಯಾನು ತಗೊಂಡು ಹೋಗಿ ತುಂಬಿಕೊಂಡು ಬಂದು ಆ ಗಂಡಸಿನ ಕೈಗೆ ಕೊಟ್ಟಳು.

ಕತ್ತಲೆ ಹಾಲ್

ಮಾರನೇ ದಿನ ಮಧ್ಯಾಹ್ನ ಸಿನಿಮಾ. ಹಾಲ್ ತುಂಬಾ ಜನ. ನಾನು ಮುಂದಿನ ಸಾಲು, ಒಂದು ಕಡೆ ಶೈಲಾ, ಇನ್ನೊಂದು ಕಡೆ ರಫೀಕ್ ಸಾಬ್ರು. ನನ್ನ ಮುಖ ನಮ್ಮ ಮನೆ ಗೋಡೆಯಷ್ಟು ದೊಡ್ಡದಾಗಿ ಬಂತು. ಸುಕ್ಕು ಎಲ್ಲ ಎಣಿಸಬಹುದಿತ್ತು. ಕೆಳಗೆ ನನ್ನ ಮಾತು ಇಂಗ್ಲಿಷಲ್ಲಿ ಬರ್ತಾ ಹೋಗ್ತಿತ್ತು. ನಾನು ಅದರಲ್ಲಿ, ಓಟು ಕೇಳೋಕೆ ಬಂದವನು ನನ್ನ ಕಾಲಿಗೆ ಬೀಳ್ತಾನೆ, ದೇವರು ಒಂದಿನವೂ ಬಿದ್ದಿಲ್ಲ, ಅದಕ್ಕೆ ದೇವರ ಮೇಲೆ ನಂಬಿಕೆ ಜಾಸ್ತಿ ಅಂತೀನಿ. ಹಾಲಲ್ಲಿದ್ದವರೆಲ್ಲ ನಕ್ಕರು. ನಾನು ನಗಿಸೋಕೆ ಅಂದಿದ್ದಲ್ಲ.

ಆಮೇಲೆ ಅದು ಬಂತು.

ಗುಬ್ಬಿ ಮನೆ ಪಡಸಾಲೆ. ನಾನು ಅವರೆಕಾಯಿ ಸುಲೀತಾ ಮಾತಾಡ್ತಿದೀನಿ. ದೂರದಲ್ಲಿ ಮೊಪೆಡ್ ಸದ್ದು. ಪಟಪಟ ಅಂತ ಒಡಕು ಸದ್ದು, ಸೈಲೆನ್ಸರ್ ತೂತಾಗಿತ್ತು. ಹತ್ತಿರ ಬಂತು. ಬಾಗಿಲ ಮುಂದೆ ನಿಂತಿತು. ಸಿನಿಮಾದಲ್ಲಿ ನಾನು ಬಾಗಿಲ ಕಡೆ ತಿರುಗಿ ನೋಡ್ತೀನಿ, ಬಾಯಿ ಅರ್ಧ ತೆರೀತೀನಿ, ಮತ್ತೆ ಅವರೆಕಾಯಿಗೆ ತಿರುಗ್ತೀನಿ. ಸದ್ದು ಮತ್ತೆ ಶುರುವಾಗಿ ದೂರ ಹೋಯಿತು. ಪೂರ್ತಿ ಹೋಗೋವರೆಗೂ ಅವಳು ಆ ಚಿತ್ರ ಕತ್ತರಿಸಿಲ್ಲ. ಯಾರೂ ಇಲ್ಲದ ಬಾಗಿಲು, ಹೋಗ್ತಾ ಇರೋ ಸದ್ದು. ಅಷ್ಟೇ.

ಅವತ್ತು ನಡೆದಿದ್ದು ಹೇಳ್ತೀನಿ. ಮಗಳು ಬಂದಿದ್ದಾಳೆ ಅಂತ ನಂಜನಿಗೆ ಗೊತ್ತಿರಲಿಲ್ಲ. ಸೊಪ್ಪು ಕೊಟ್ಟು ಹೋಗೋಣ ಅಂತ ಬಂದಿದ್ದ. ಬಾಗಿಲಲ್ಲಿ ಕ್ಯಾಮರಾ ಸ್ಟ್ಯಾಂಡಿನ ಕಾಲು ಕಂಡು ಗಾಡಿ ತಿರುಗಿಸಿದ. ಶೈಲಾ ಕೆಲಸದಲ್ಲಿ ಒಂದು ಕಟ್ಟುನಿಟ್ಟು ಇದೆ. ಅವಳು "ಆಯ್ತು" ಅನ್ನೋವರೆಗೂ ಕೂತವರು ಏಳಬಾರದು, ಕ್ಯಾಮರಾ ಆಚೆ ಇರೋರನ್ನ ಕರೀಬಾರದು. ನಾನು ಏಳಲಿಲ್ಲ. ಹುಟ್ಟಿದಾಗಿಂದ ಯಾರ ಮಾತೂ ಕೇಳದವಳು ಅವತ್ತೊಂದಿನ ಕೇಳಿದೆ. ನಂಜ ಬಾರ್ಲಾ ಅಂತ ಒಂದು ಕೂಗು ಹಾಕಿದ್ದರೆ ಮುಗೀತಿತ್ತು. ಅವಳಿಗೂ ಕೇಳಿಸಿತ್ತು. ಅವಳೂ "ಆಯ್ತು" ಅನ್ನಲಿಲ್ಲ.

ಕತ್ತಲಲ್ಲಿ ಪಕ್ಕಕ್ಕೆ ನೋಡಿದೆ. ಶೈಲಾ ತೆರೆ ನೋಡ್ತಿರಲಿಲ್ಲ, ಕಣ್ಣು ಮುಚ್ಚಿಕೊಂಡಿದ್ದಳು. ಎಂಜಲು ಕೈಯಲ್ಲಿ ಓಡಬೇಕು ಅಂತ ಕೂತಿರೋ ಹುಡುಗಿ ಹಾಗೆ ಕುರ್ಚಿ ತುದೀಲಿ ಕೂತಿದ್ದಳು.

ಸಿನಿಮಾ ಮುಗಿದ ಮೇಲೆ ನಮ್ಮನ್ನ ವೇದಿಕೆಗೆ ಕರೆದರು. ಕೇಳೋರು ಕೇಳಿದರು, ಅವಳು ಇಂಗ್ಲಿಷಲ್ಲಿ ಪಟಪಟ ಹೇಳಿದಳು. ಹಿಂದಿಂದ ಒಬ್ಬ ಕನ್ನಡಕದವನು ಎದ್ದು ಏನೋ ಕೇಳಿದ. ಇವಳು ಮೈಕು ಹಿಡಿದುಕೊಂಡು ನಿಂತೇಬಿಟ್ಟಳು.

"ಏನಂತೆ?" ಅಂದೆ ರಫೀಕ್ ಸಾಬರನ್ನ.

"ಒಂದು ಗಾಡಿ ಬಂದು ನಿಂತು ವಾಪಸ್ ಹೋಗ್ತದಲ್ಲ, ಅದು ಯಾರು ಅಂತ ಕೇಳ್ತಾರೆ ಅಮ್ಮಾ."

ಅವಳು ಹೇಳಲ್ಲ ಅಂತ ಗೊತ್ತಾಯಿತು. ಮೈಕು ತಗೊಂಡೆ. "ಇವಳ ಅಪ್ಪ. ಕ್ಯಾಮರಾ ನೋಡಿ ಒಳಗೆ ಬರ್ಲಿಲ್ಲ. ನಾನೂ ಕರೀಲಿಲ್ಲ" ಅಂದೆ. ಮೈಕು ಅವಳ ಕೈಗೆ ವಾಪಸ್ ಕೊಟ್ಟೆ. ಇಂಗ್ಲಿಷಲ್ಲಿ ಹೇಳೋಳು ಅವಳೇ ತಾನೆ.

ಎಷ್ಟು ಹೊತ್ತು ತಗೊಂಡಳು ಅಂದರೆ, ಮುಂದಿನ ಸಾಲಿನಲ್ಲಿ ಕಾಲು ಮಡಿಸಿ ಕೂತಿದ್ದವರು ಸರಿಯಾಗಿ ಕೂತರು. ಕಡೆಗೆ, ಮೈ ಫಾದರ್, ಅಂದಳು. ಅಷ್ಟು ಇಂಗ್ಲಿಷ್ ನನಗೂ ಬರುತ್ತೆ. ಮಿಕ್ಕಿದ್ದನ್ನ ಅವಳು ಹೇಳಲೇ ಇಲ್ಲ.

ಶೈಲಾ ಅಡಿಗೆಮನೆ

ವಾಪಸ್ ಹೊರಡೋ ದಿನ ಬೆಳಿಗ್ಗೆ ಲಿಂಗಪೂಜೆ ಮುಗಿಸಿ ಗಂಟು ತೆಗೆದೆ. ಅವಳು ಕಾಫಿ ಕಾಯಿಸ್ತಾ ಇದ್ದಳು. ಗಂಟು ನೋಡಿದ ಕೂಡಲೇ ಒಲೆ ಆರಿಸಿದಳು. ಯಾರು ಕೊಟ್ಟಿದ್ದು ಅಂತ ಕೇಳಲಿಲ್ಲ. ಹಗ್ಗ ಬಿಗಿದ ಹಾಗೆ ಎರಡು ಸುತ್ತು ಹಾಕಿ ಗಂಟು ಕಟ್ಟೋದು ಅವಳಪ್ಪನ ರೀತಿ. ತಿಪಟೂರ ಕಡೆ ಹುಡುಗಿ ಕಟ್ಟಿದ ಮೇಲೆ ನಾನು ಬಿಚ್ಚಿ ಅವನು ಕಟ್ಟಿದ ಹಾಗೇ ಕಟ್ಟಿದ್ದೆ.

"ಕೂತ್ಕೋ" ಅಂದೆ.

ಪ್ಯಾಂಟು ಹಾಕಿದವಳಿಗೆ ಮಡಿಲೆಲ್ಲಿ? ನನ್ನ ಶಾಲು ತೆಗೆದು ಅವಳ ಸೊಂಟಕ್ಕೆ ಕಟ್ಟಿದೆ. ನೆಲದ ಮೇಲೆ ಪೂರ್ವಕ್ಕೆ ಕೂತಳು. ಪೂರ್ವ ಯಾವ ಕಡೆ ಅಂತ ಫೋನಲ್ಲಿ ನೋಡಿ ಹೇಳಿದವಳು ಅವಳೇ. ಐದು ಹಿಡಿ ಅಕ್ಕಿ ಹಾಕಿದೆ. ಬೆಲ್ಲ, ಅರಿಶಿನ, ಒಣಗಿದ ಎಲೆ, ಅಡಿಕೆ, ಹಸಿರು ಪೀಸು. ಅವಳು ಮಡಿಲಲ್ಲಿ ಕೈಯಾಡಿಸಿದಳು.

"ಕೊಬ್ಬರಿ ಎಲ್ಲಿ ಅತ್ತೆ?"

"ಬೆಂಗಳೂರಲ್ಲಿ ಜನ ತಿಂದ್ರು."

ನಡೆದಿದ್ದು ಹೇಳಿದೆ. ನಕ್ಕಳು, ತಲೆ ಹಿಂದಕ್ಕೆ ಹಾಕಿ. ಆಮೇಲೆ, "ಇಲ್ಲೇ ಕೆಳಗೆ ಅಂಗಡೀಲಿ ಸಿಗುತ್ತೆ, ತರ್ತೀನಿ ಇರಿ" ಅಂತ ಏಳೋಕೆ ಹೋದಳು.

"ಕೂರೇ. ಅಂಗಡಿ ಕೊಬ್ಬರಿ ತವರಿನದಾಯ್ತದಾ? ಇದು ಅರ್ಧ. ಮಿಕ್ಕ ಅರ್ಧ ಕುಣಿಗಲ್‌ನಲ್ಲಿ ಅಟ್ಟದ ಮೇಲೈತೆ."

"ಅತ್ತೆ, ನಾನು ತಪ್ಪಾಯ್ತು ಅನ್ನಲ್ಲ. ಆ ಸಿನಿಮಾ ಸರಿಯಾಗೇ ಇದೆ."

"ತಪ್ಪಾಯ್ತು ಅನ್ನು ಅಂತ ಯಾರಂದ್ರು? ಹರಾಜು ಹಾಕಿದ್ದು ತಪ್ಪೇ. ನಾನು ಕೊಬ್ಬರಿ ತಗೊಂಡೋಗು ಅಂದೆ."

ಅವಳು ಅಕ್ಕಿ ಕಾಳು ಒಂದೊಂದೇ ಬೆರಳಲ್ಲಿ ಸರಿಸ್ತಾ ಕೂತಳು. ನಂಜ ಹೇಳಬೇಡ ಅಂದಿದ್ದ. ನನ್ನ ಹೊಟ್ಟೇಲಿ ಮಾತು ನಿಲ್ಲಲ್ಲ, ಅದು ಅವನಿಗೂ ಗೊತ್ತು. ಗೊತ್ತಿದ್ದೇ ಹೇಳಿದ್ದ ಅಂತ ನನಗೆ ಆ ಅಡಿಗೆಮನೇಲಿ ಹೊಳೀತು.

"ನಿಮ್ಮಪ್ಪ ಹೇಳ್ಬ್ಯಾಡ ಅಂದವ್ನೆ. ಒಂದು ಕಣ್ಣು ಹೋಗೈತೆ. ಇನ್ನೊಂದು ಹೋಗ್ತಾ ಐತೆ. ಕರುಣೆ ತಂದ್ಕೊಂಡು ಬರೋದು ಬ್ಯಾಡಂತೆ, ಬರೋದಾದ್ರೆ ಸುಮ್ನೆ ಬರ್ಬೇಕಂತೆ. ಇಷ್ಟೇ, ನನಗೆ ಗೊತ್ತಿರೋದು."

ಅಳಲಿಲ್ಲ. ನಾನು ಸಾಕಿದ್ದಲ್ಲವಾ. ಮಡಿಲು ತುಂಬಿಸಿಕೊಂಡವಳು ಒಂದು ಹಿಡಿ ಅಕ್ಕಿ ತವರಿಗೆ ವಾಪಸ್ ಬಿಟ್ಟು ಹೋಗಬೇಕು, ಅದು ಪದ್ಧತಿ. ತವರು ಬರಿದಾಗಬಾರದು ಅಂತ. ಅವಳಿಗೆ ಮರೆತಿರುತ್ತೆ ಅಂದುಕೊಂಡಿದ್ದೆ. ಒಂದು ಹಿಡಿ ತುಂಬ ತೆಗೆದು, ನನ್ನ ಸೆರಗಿನ ತುದಿಗೆ ಹಾಕಿ, ತಾನೇ ಗಂಟು ಕಟ್ಟಿದಳು. ಅಪ್ಪನ ಗಂಟು.

"ಯಾವಾಗ ಬರ್ತೀಯ?" ಅಂದೆ.

"ಸಿನಿಮಾ ಇನ್ನೂ ಎರಡು ದೇಶಕ್ಕೆ ಹೋಗಬೇಕು ಅತ್ತೆ" ಅಂದಳು. ಯಾವಾಗ ಅನ್ನಲಿಲ್ಲ. ಬರಲ್ಲ ಅಂತಲೂ ಅನ್ನಲಿಲ್ಲ.

ಮತ್ತೆ ಕುಣಿಗಲ್

ಬಂದ ಮೂರನೇ ದಿನ ಹೋದೆ. ಸೆರಗು ಬಿಚ್ಚಿ ಅಕ್ಕಿ ಅವನ ಅಂಗೈಗೆ ಹಾಕಿದೆ. ಬೆರಳಲ್ಲಿ ತಿಕ್ಕಿ ನೋಡಿದ. ನಮ್ಮದೇ ಅಂದ. ಎದ್ದು ಗೋಡೆ ಸವರಿಕೊಂಡು ಹೋಗಿ ಅಕ್ಕಿ ಡಬ್ಬಕ್ಕೆ ಸುರಿದು ಬಂದ.

"ನನ್ ಮೋರೆ ಇತ್ತಾ?"

"ಇರ್ಲಿಲ್ಲ. ನಿನ್ ಗಾಡಿ ಸದ್ದಿತ್ತು. ನೀನು ಬಂದು ವಾಪಸ್ ಹೋದ್ಯಲ್ಲ, ಅವತ್ತಿಂದು. ಪೂರ್ತಿ ಇಟ್ಟವ್ಳೆ."

"ಆಗ ಸೈಲೆನ್ಸರ್ ತೂತಾಗಿತ್ತು" ಅಂದ. "ಆಮ್ಯಾಕೆ ರಿಪೇರಿ ಮಾಡಿಸ್ದೆ. ಈಗ ಆ ಸದ್ದು ಬರಲ್ಲ."

ಕೊಬ್ಬರಿ ಕಥೆ ಹೇಳಿದೆ. ಅವನು ಬೈಯಲಿಲ್ಲ. ಅಟ್ಟದ ಏಣಿ ಹಿಡ್ಕೊ ಅಂದ. ಬೇಡ ಬೀಳ್ತೀಯ ಅಂದರೂ ಕೇಳಲಿಲ್ಲ. ಮೇಲೆ ಕತ್ತಲು. ಅವನಿಗೆ ಕತ್ತಲೂ ಬೆಳಕೂ ಈಗ ಹೆಚ್ಚು ಕಮ್ಮಿ ಒಂದೇ. ರಾಶಿ ಮೇಲೆ ಕೂತು ಒಂದೊಂದೇ ಕಾಯಿ ಎತ್ತಿ ಕಿವಿ ಹತ್ತಿರ ಅಲ್ಲಾಡಿಸ್ತಾ ಇದ್ದ. ಕಾಯಿ ಒಣಗಿ ಕೊಬ್ಬರಿ ಚಿಪ್ಪು ಬಿಟ್ಟಿದ್ದರೆ ಒಳಗೆ ಗಡಗಡ ಅನ್ನುತ್ತೆ. ಅನ್ನದಿದ್ದರೆ ಇನ್ನೂ ಕಾಯಬೇಕು. ನಾನು ಏಣಿ ಹಿಡಿದು ನಿಂತು ಕೇಳಿಸಿಕೊಂಡೆ. ಎಷ್ಟೋ ಕಾಯಿ ಸುಮ್ಮನಿದ್ದವು. ಕಡೆಗೆ ಎರಡು ಗಡಗಡ ಅಂದವು.

ಅವೆರಡನ್ನೂ ಕೆಳಗೆ ತಂದು ದೇವರ ಗೂಡಿನ ಪಕ್ಕ ಇಟ್ಟಿದ್ದಾನೆ. ಒಡೆದಿಲ್ಲ. ಒಡೆದರೆ ಗಾಳಿ ಆಡಿ ಹಾಳಾಗುತ್ತೆ, ಅವಳು ಬಂದ ದಿನ ಒಡೀತೀನಿ ಅಂದ. ನಾನು ಹೋದಾಗೆಲ್ಲ ಒಂದು ಸಲ ಎತ್ತಿ ಕಿವಿ ಹತ್ತಿರ ಅಲ್ಲಾಡಿಸಿ ನೋಡ್ತಾನೆ, ಇನ್ನೂ ಸದ್ದು ಬರುತ್ತಾ ಅಂತ. ಬರುತ್ತೆ.